ನಾಲ್ಕು ಕಂಠಗಳ ಓಟದ ಸಂಗೀತ

ಅಂಗೈಯಲ್ಲಿ ಹಿಡಿದು ಆಡುವ ವಿಡಿಯೊ ಆಟಗಳಲ್ಲಿ ಓಡುವ, ನೆಗೆಯುವ ಆಟಗಳದೇ ಒಂದು ಬಗೆ. ನಾಯಕನು ಕಟ್ಟೆಯಿಂದ ಕಟ್ಟೆಗೆ ಹಾರುತ್ತಿರಲು ಸಂಗೀತವೂ ಅವನನ್ನು ಅಟ್ಟಿಸಿಕೊಂಡು ಬರುತ್ತದೆ. ೧೯೯೧ರಲ್ಲಿ ಜಪಾನಿನ ಸೆಗಾ ಸಂಸ್ಥೆಯ 'ಗೇಮ್ ಗಿಯರ್' ಯಂತ್ರಕ್ಕೆ ಬಂದ 'ಸೋನಿಕ್' ಆಟದಲ್ಲಿ 'ಬ್ರಿಡ್ಜ್ ಜೋನ್' ಎಂಬ ಘಟ್ಟವಿದೆ. ಅದರ ಸಂಗೀತವನ್ನು ರಚಿಸಿದವರು ಯೂಜೊ ಕೊಶಿರೊ. ಕೇಳಿದರೆ ಚಿಕ್ಕದೊಂದು ವಾದ್ಯವೃಂದವೆನಿಸೀತು. ಆದರೆ ಯಂತ್ರದೊಳಗಿರುವುದು ನಾಲ್ಕೇ ಕಂಠಗಳು: ಮೂರು ಸ್ವರವನ್ನು ನುಡಿಯುತ್ತವೆ, ನಾಲ್ಕನೆಯದು ಬರಿಯ ಸದ್ದನ್ನು ಮಾಡುತ್ತದೆ.

ಇಲ್ಲಿ ಸ್ವರವು ಹುಟ್ಟುವುದು ಭಾಗಾಕಾರದಿಂದ. ಸೆಕೆಂಡಿಗೆ ಸುಮಾರು ೩೫,೮೦,೦೦೦ ಸಲ ಮಿಡಿಯುವ ಗಡಿಯಾರವೊಂದುಂಟು. ಈ ಸಂಖ್ಯೆಯನ್ನು ೩೨ರಿಂದಲೂ, ಬಳಿಕ ೧೦೨೩ನ್ನು ಮೀರದ ಒಂದು ಪೂರ್ಣಾಂಕದಿಂದಲೂ ಭಾಗಿಸಿದರೆ ಸ್ವರದ ಕಂಪನಸಂಖ್ಯೆ ದೊರೆಯುತ್ತದೆ. ಪೂರ್ಣಾಂಕವು ೨೫೪ ಆದರೆ ಕಂಪನಗಳು ಸುಮಾರು ೪೪೦. ೧೦೨೩ ಆದರೆ ೧೦೯. ಅದಕ್ಕಿಂತ ತಗ್ಗಿನ ಸ್ವರವನ್ನು ಈ ಮೂರು ಕಂಠಗಳು ನುಡಿಯಲಾರವು. ಮಂದ್ರದ ಗಾಂಭೀರ್ಯವಿಲ್ಲದ ಈ ಸಂಗೀತವು ತನ್ನ ಹುರುಪನ್ನೆಲ್ಲ ಲಯದಿಂದಲೇ ಪಡೆಯಬೇಕು.

ಆ ಲಯಕ್ಕೂ ಒಂದು ಕಟ್ಟು ಇದೆ. ಪರದೆಯ ಚಿತ್ರವು ಸೆಕೆಂಡಿಗೆ ಸುಮಾರು ೬೦ ಸಲ ಹೊಸದಾಗುತ್ತದೆ. ಸಂಗೀತವೂ ಸಾಮಾನ್ಯವಾಗಿ ಇದೇ ಎಣಿಕೆಯನ್ನು ಹಿಡಿದು ಸಾಗುತ್ತದೆ. ಒಂದೊಂದು ಸ್ವರಕ್ಕೆ ೬ ಚಿತ್ರಗಳ ಕಾಲವೆಂದಿಟ್ಟುಕೊಳ್ಳೋಣ. ಚತುರಶ್ರ ನಡೆಯಲ್ಲಿ ತಾಳದ ಒಂದು ಪೆಟ್ಟಿಗೆ ನಾಲ್ಕು ಸ್ವರ, ಎಂದರೆ ೨೪ ಚಿತ್ರ; ನಿಮಿಷಕ್ಕೆ ೧೫೦ ಪೆಟ್ಟು. ತುಸು ಚುರುಕಾಗಲೆಂದು ಸ್ವರಕ್ಕೆ ೫ ಚಿತ್ರಗಳನ್ನಿತ್ತರೆ ವೇಗವು ಒಮ್ಮೆಗೇ ೧೮೦ಕ್ಕೆ ನೆಗೆಯುತ್ತದೆ! ನಡುವಣ ವೇಗ ಬೇಕಾದರೆ ೬, ೫, ೬, ೫ ಎಂದು ಹಂಚಬೇಕು. ಆಗ ಸುಮಾರು ೧೬೪ ದೊರೆಯುತ್ತದೆ. ಮೃದಂಗದವನ ಕೈಗೆ ಇಂಥ ಕಟ್ಟಿಲ್ಲ. ಆದರೂ ಈ ಅರೆಕುಂಟು ನಡೆಗೆ ಒಂದು ಸೊಗಸುಂಟೆಂದೇ ನಮ್ಮ ಎಣಿಕೆ.

ಇನ್ನು ಸ್ವರಮೇಳದ ಮಾತು. ಹಾರ್ಮೋನಿಯಮ್ಮಿನ ಮೂರು ಮನೆಗಳನ್ನು ಒಟ್ಟಿಗೆ ಒತ್ತಿದಂತೆ ನುಡಿಸಿದರೆ ಮೂರು ಕಂಠಗಳೂ ತೀರಿಹೋಗುತ್ತವೆ, ರಾಗವನ್ನು ಹಾಡುವವರಾರು? ಆದುದರಿಂದ ಒಂದೇ ಕಂಠದಿಂದ ಮೂರು ಸ್ವರಗಳನ್ನು ಸರದಿಯಂತೆ, ಒಂದೊಂದು ಚಿತ್ರದ ಕಾಲ ನುಡಿಸುವುದುಂಟು. ಬಳ್ಳಾರಿಯ ಕೌಲ್ ಬಜಾರಿನಲ್ಲಿ ಜೀನ್ಸ್ ಹೊಲಿಯುವ ಯಂತ್ರದ ಸದ್ದನ್ನು ಆಲಿಸಿದವರಿಗೆ ಇದರ ಮರ್ಮ ಬೇಗ ಹೊಳೆದೀತು. ಹೊಲಿಗೆಯ ಮೊದಲಲ್ಲಿ ಸೂಜಿಯ ಪೆಟ್ಟುಗಳು ಒಂದೊಂದಾಗಿ ಕೇಳುತ್ತವೆ. ಕಾಲೊತ್ತು ಬಲವಾಗಿ ನಿಮಿಷಕ್ಕೆ ೩,೦೦೦ ಹೊಲಿಗೆ ಬಿದ್ದರೆ, ಎಂದರೆ ಸೆಕೆಂಡಿಗೆ ೫೦, ಅವೆಲ್ಲ ಒಂದೇ ಗುಂಯ್‌ಗುಡುವಿಕೆಯಾಗುತ್ತವೆ. ಬಿಡಿಪೆಟ್ಟುಗಳು ನಾದವಾಗಿ ಕೂಡುವ ಗಡಿಯು ಸೆಕೆಂಡಿಗೆ ಸುಮಾರು ೨೦. ನಮ್ಮ ಮೂರು ಸ್ವರಗಳ ಸುತ್ತೂ ಸೆಕೆಂಡಿಗೆ ೨೦ ಸಲ ತಿರುಗಿ, ಸರಿಯಾಗಿ ಗಡಿಯ ಮೇಲೆಯೇ ನಿಲ್ಲುತ್ತದೆ. ಪೂರ್ತಿ ಕೂಡದೆ, ಪೂರ್ತಿ ಬಿಡಿಯೂ ಆಗದೆ ಗುಳುಗುಳಿಸುವ ಆ ಧ್ವನಿಯು ಇಂಥ ಆಟಗಳ ಗುರುತೇ ಆಗಿದೆ.

ಆದರೆ ನಾಯಕನು ನೆಗೆದಾಗ ಆ ನೆಗೆತದ ಸದ್ದಿಗೂ ಒಂದು ಕಂಠ ಬೇಕು. ಅದನ್ನು ಸಂಗೀತದಿಂದಲೇ ಕಸಿದುಕೊಳ್ಳಬೇಕಾಗುತ್ತದೆ. ಜಾಣನಾದ ರಚನಕಾರನು ಹಿನ್ನೆಲೆಯ ಕಂಠವೊಂದನ್ನು ಇದಕ್ಕೆ ಬಿಟ್ಟುಕೊಟ್ಟು, ರಾಗವನ್ನು ಉಳಿಸಿಕೊಳ್ಳುತ್ತಾನೆ. ಓದುಗರು ಇಂಥ ಹಳೆಯ ಆಟವೊಂದನ್ನು ಆಡುವಾಗ, ನೆಗೆದ ಕ್ಷಣದಲ್ಲಿ ಯಾವ ಕಂಠವು ಅಡಗಿತೆಂದು ಆಲಿಸಿ ನೋಡಲಿ.