ಕಾಂಚನಗಂಗಾ

ಕಾಂಚನವೆಂದರೆ ಚಿನ್ನ. ಆದುದರಿಂದ ಕಾಂಚನಗಂಗಾ ಎಂಬ ಹೆಸರನ್ನು ಕೇಳಿದೊಡನೆ ಅದು ಚಿನ್ನದ ಬೆಟ್ಟವಿರಬೇಕೆಂದು ತೋರುವುದು ಸಹಜ. ಆದರೆ ಈ ಹೆಸರಿನ ಮೂಲವಿರುವುದು ಟಿಬೆಟನ್ ಭಾಷೆಯಲ್ಲಿ. ‘ಮಹಾಹಿಮದ ಐದು ಭಂಡಾರಗಳು’ ಎಂಬುದು ಅದರ ಅರ್ಥ. ಹಾಗಾದರೆ ಈ ಪರ್ವತವು ಕಾಯ್ದುಕೊಂಡಿರುವ ಸಂಪತ್ತು ಯಾವುದು?

ಸಿಕ್ಕಿಂ ರಾಜ್ಯಕ್ಕೂ ನೇಪಾಳಕ್ಕೂ ನಡುವಿನ ಗಡಿಯಲ್ಲಿ ಕಾಂಚನಗಂಗಾ ನಿಂತಿದೆ. ಇದರ ಎತ್ತರ 8,586 ಮೀಟರು. ಪ್ರಪಂಚದ ಶಿಖರಗಳಲ್ಲಿ ಇದಕ್ಕೆ ಮೂರನೆಯ ಸ್ಥಾನ. ಇದು ಎರಡು ದೇಶಗಳ ಎಲ್ಲೆ ಮಾತ್ರವಲ್ಲ, ನೀರಿನ ಎಲ್ಲೆಯೂ ಹೌದು. ಪೂರ್ವದ ಇಳಿಜಾರಿನ ನೀರು ತೀಸ್ತಾ ನದಿಯ ಮೂಲಕ ಬ್ರಹ್ಮಪುತ್ರೆಯನ್ನು ಸೇರುತ್ತದೆ. ಪಶ್ಚಿಮದ ನೀರು ತಮೂರ್ ಮತ್ತು ಕೋಸಿ ನದಿಗಳ ಮೂಲಕ ಗಂಗೆಯನ್ನು ಸೇರುತ್ತದೆ.

ಈ ಪರ್ವತದ ಎತ್ತರವನ್ನು ಅರಿತ ಬಗೆಗೂ ನಮ್ಮ ನಾಡಿಗೂ ಒಂದು ನಂಟುಂಟು. 1802ರಲ್ಲಿ ಮೈಸೂರು ರಾಜ್ಯದ ಪೂರ್ವದ ಎಲ್ಲೆಯನ್ನು ಅಳೆಯುತ್ತಿದ್ದ ಜಾನ್ ವಾರನ್ ಎಂಬ ಅಧಿಕಾರಿಯು ಕೋಲಾರ ಸೀಮೆಯ ಉರಿಗಾಂ, ಮಾರಿಕುಪ್ಪಂಗಳ ಮಣ್ಣಿನಲ್ಲಿ ಚಿನ್ನವಿರುವುದನ್ನು ಕಂಡುಕೊಂಡನು. ಅದೇ ವರ್ಷ ಮದರಾಸಿನಲ್ಲಿ ಆರಂಭವಾದ ಮಹಾ ತ್ರಿಕೋನಮಿತಿ ಮೋಜಣಿಯು ಉತ್ತರಕ್ಕೆ ಸಾಗಿ ಹಿಮಾಲಯವನ್ನೂ ಅಳೆಯಿತು. ಎವರೆಸ್ಟಿನ ಎತ್ತರವು ಲೆಕ್ಕಕ್ಕೆ ಸಿಕ್ಕುವವರೆಗೆ ಕಾಂಚನಗಂಗೆಯೇ ಅತ್ಯುನ್ನತ ಶಿಖರವೆಂದು ತಿಳಿಯಲಾಗಿತ್ತು.

ಉರಿಗಾಂನ ನೆರೆಯ ಚಾಂಪಿಯನ್ ರೀಫ್ ಗಣಿಯು 3 ಕಿಲೋಮೀಟರಿಗಿಂತ ಆಳವಾದುದು. ಅದರ ತಳದ ಬಂಡೆಯ ಶಾಖ 60 ಡಿಗ್ರಿ ಸೆಂಟಿಗ್ರೇಡನ್ನು ಮೀರಿತ್ತು. ಭೂಮಿಯೊಳಕ್ಕೆ ಇಳಿದಂತೆ ಶಾಖ ಏರುವುದು; ಆಕಾಶದತ್ತ ಏರಿದಂತೆ ಅದು ಇಳಿಯುವುದು. ಸಾಮಾನ್ಯವಾಗಿ 1,000 ಮೀಟರು ಏರಿದರೆ ಉಷ್ಣತೆ ಸುಮಾರು 6.5 ಡಿಗ್ರಿ ಕಡಿಮೆಯಾಗುತ್ತದೆ. ಉರಿಗಾಂ ಇರುವುದು ಸುಮಾರು 850 ಮೀಟರು ಎತ್ತರದಲ್ಲಿ. ಅಲ್ಲಿ 30 ಡಿಗ್ರಿ ಬಿಸಿಲಿರುವ ದಿನ, ಅದರ ನೇರ ಮೇಲೆ ಕಾಂಚನಗಂಗೆಯಷ್ಟು ಎತ್ತರದಲ್ಲಿ ಉಷ್ಣತೆಯು ಸೊನ್ನೆಗಿಂತ ಸುಮಾರು 20 ಡಿಗ್ರಿ ಕೆಳಗಿರುವುದೆಂದು ಲೆಕ್ಕ ಹಾಕಬಹುದು. ಶಿಖರದಲ್ಲಿ ಗಾಳಿಯ ಒತ್ತಡವೂ ಸಮುದ್ರಮಟ್ಟದಲ್ಲಿರುವುದರ ಮೂರರಲ್ಲಿ ಒಂದು ಪಾಲು ಮಾತ್ರ.

ಬಂಗಾಳ ಕೊಲ್ಲಿಯಿಂದ ಬೀಸುವ ಮಾನ್ಸೂನ್ ಮಾರುತಗಳು ಈ ಪರ್ವತಕ್ಕೆ ತಡೆದು ಮೇಲೇರುತ್ತವೆ. ಕಣಿವೆಗಳಲ್ಲಿ ಅವು ಮಳೆಯನ್ನೂ ಎತ್ತರದಲ್ಲಿ ಹಿಮವನ್ನೂ ಸುರಿಸುತ್ತವೆ. ವರ್ಷ ವರ್ಷವೂ ಬಿದ್ದ ಹಿಮವು ತನ್ನ ಭಾರದಿಂದಲೇ ಗಟ್ಟಿಯಾಗಿ ಮಂಜುಗಡ್ಡೆಯಾಗುತ್ತದೆ. ಬಳಿಕ ಇಳಿಜಾರಿನಲ್ಲಿ ಮೆಲ್ಲಮೆಲ್ಲನೆ ಹರಿಯತೊಡಗುತ್ತದೆ. ಇದೇ ಹಿಮನದಿ. ಕಾಂಚನಗಂಗೆಯ ಪೂರ್ವ ಭಾಗದ ಜೇಮು ಹಿಮನದಿಯು ಸುಮಾರು 26 ಕಿಲೋಮೀಟರು ಉದ್ದವಾಗಿದ್ದು, ತೀಸ್ತಾ ನದಿಗೆ ನೀರುಣಿಸುತ್ತದೆ.

ಸಿಕ್ಕಿಮಿನ ಜನರಿಗೆ ಈ ಪರ್ವತವು ಪೂಜ್ಯ. 1955ರಲ್ಲಿ ಮೊದಲು ಇದನ್ನೇರಿದ ಬ್ರಿಟಿಷ್ ತಂಡದವರು ಅವರ ಭಾವನೆಯನ್ನು ಗೌರವಿಸಿ, ತುತ್ತತುದಿಯನ್ನು ಮೆಟ್ಟದೆ ಕೆಲವೇ ಅಡಿ ಕೆಳಗೆ ನಿಂತು ಹಿಂದಿರುಗಿದರು.

ಆದರೆ ಶಿಖರವನ್ನು ಮೆಟ್ಟದೆಯೂ ಮನುಷ್ಯನು ಅದಕ್ಕೆ ಕೇಡು ಮಾಡಬಲ್ಲನು. ಕಲ್ಲಿದ್ದಲು, ಎಣ್ಣೆಗಳ ಹೊಗೆಯಿಂದ ಭೂಮಿಯ ವಾತಾವರಣ ಕಾಯುತ್ತಿದೆ. ಪೂರ್ವ ಹಿಮಾಲಯದ ಹಿಮನದಿಗಳಿಗೆ ಹಿಮವು ಹೆಚ್ಚಾಗಿ ಬೀಳುವುದೂ ಅವು ಕರಗುವುದೂ ಬೇಸಿಗೆಯ ಮಾನ್ಸೂನ್ ಕಾಲದಲ್ಲಿಯೇ. ಸ್ವಲ್ಪ ಶಾಖ ಹೆಚ್ಚಿದರೂ ಹಿಮವು ಮಳೆಯಾಗಿ ಸುರಿಯುತ್ತದೆ. ಆಗ ಆದಾಯ ಕುಗ್ಗಿ ವೆಚ್ಚ ಏರುತ್ತದೆ. ಕರಗಿದ ನೀರು ಸರೋವರವಾಗಿ ನಿಂತರೆ ಅಪಾಯವೂ ಉಂಟು. 2023ರ ಅಕ್ಟೋಬರ್ ತಿಂಗಳಲ್ಲಿ ಉತ್ತರ ಸಿಕ್ಕಿಮಿನ ದಕ್ಷಿಣ ಲೋನಾಕ್ ಸರೋವರವು ಒಡೆದು, ಚುಂಗ್‌ಥಾಂಗ್‌ನ ಅಣೆಕಟ್ಟನ್ನು ಕೊಚ್ಚಿಹಾಕಿ, ತೀಸ್ತಾ ಕಣಿವೆಯಲ್ಲಿ ಅನೇಕರ ಪ್ರಾಣವನ್ನು ಅಪಹರಿಸಿತು.

ಕೋಲಾರದ ಚಿನ್ನದ ಗಣಿಗಳು ನೂರಿಪ್ಪತ್ತು ವರ್ಷಗಳಷ್ಟು ಕಾಲ ನಡೆದು 2001ರಲ್ಲಿ ಮುಚ್ಚಿದವು. ಗಣಿಯ ಚಿನ್ನವು ತೆಗೆದಷ್ಟೂ ಕಡಿಮೆಯಾಗುವ ಸಂಪತ್ತು. ಹಿಮವಾದರೋ ಕರಗಿದರೂ ಮತ್ತೆ ತುಂಬುವ ಸಂಪತ್ತು. ಆದರೆ ಶೀತವಿದ್ದರೆ ಮಾತ್ರ ಅದು ತುಂಬೀತು. ಚಿನ್ನವಿಲ್ಲದೆ ಬಾಳಬಹುದು, ನೀರಿಲ್ಲದೆ ಬಾಳಲಾಗದು. ಕಾಂಚನಗಂಗೆಯ ಭಂಡಾರದಲ್ಲಿರುವುದು ಈ ನೀರೇ.

ಅಭ್ಯಾಸ
1. ಕಾಂಚನಗಂಗೆಯನ್ನು ‘ನೀರಿನ ಎಲ್ಲೆ’ ಎಂದು ಕರೆಯಲು ಕಾರಣವೇನು?
2. ಹಿಮನದಿಯು ಹೇಗೆ ಉಂಟಾಗುತ್ತದೆ?
3. ಗಣಿಯ ಸಂಪತ್ತಿಗೂ ಹಿಮದ ಸಂಪತ್ತಿಗೂ ಇರುವ ವ್ಯತ್ಯಾಸವನ್ನು ವಿವರಿಸಿರಿ.