ಕಾಲೇಜು ಕ್ರೀಡಾಂಗಣದಲ್ಲಿ ಬಿಯರ್ ಮಾರಾಟ: ನಮ್ಮ ಕೌಂಟರಿಗೊಂದು ಪಾಠ



ಜನಜಂಗುಳಿಯನ್ನು ನಿಭಾಯಿಸುವುದು ನಮಗೆ ಹೊಸತಲ್ಲ. ಒಂದೇ ಪಂಕ್ತಿಗೆ ಐನೂರು ಎಲೆ ಹಾಕಿಸಿ, ಸಾರು ತಣ್ಣಗಾಗದಂತೆ ಬಡಿಸಿ ಸೈ ಎನಿಸಿಕೊಂಡವರು ನಮ್ಮಲ್ಲಿ ಅನೇಕರಿದ್ದಾರೆ. ಆದರೆ ಲಕ್ಷ ಜನ ಒಂದೇ ಆವರಣದಲ್ಲಿ ಸೇರಿ, ಅವರಲ್ಲಿ ಸಾವಿರಾರು ಮಂದಿ ಒಟ್ಟಿಗೆ ಬಿಯರ್ ಕೇಳಿದರೆ ಹೇಗೆ? ಅಮೆರಿಕದ ಕಾಲೇಜು ಕ್ರೀಡಾಂಗಣಗಳು ಈ ಪ್ರಶ್ನೆಗೆ ಹಲವು ವರ್ಷಗಳಿಂದ ಉತ್ತರ ಹುಡುಕುತ್ತಿವೆ. ಬಾರ್ ಅಥವಾ ಪರ್ಮಿಟ್ ರೂಮ್ ನಡೆಸುವ ಸದಸ್ಯರಿಗೆ ಅಲ್ಲಿನ ಅನುಭವದಲ್ಲಿ ಕಲಿಯುವುದು ಬಹಳಷ್ಟಿದೆ. ಬರೀ ಊಟ-ತಿಂಡಿಯ ಹೋಟೆಲಿನವರೂ ಓದಬಹುದು. ಮೂಲ ವಿಷಯ ಕೌಂಟರಿನ ಶಿಸ್ತು.

ಹಿನ್ನೆಲೆ

ಅಮೆರಿಕದಲ್ಲಿ ಕಾಲೇಜು ಆಟವೆಂದರೆ ಅಂತರಕಾಲೇಜು ಪಂದ್ಯದ ಹಾಗೆ ನೂರಿನ್ನೂರು ಜನ ನೋಡುವಂಥದ್ದಲ್ಲ. ಅಲ್ಲಿನ ಫುಟ್‌ಬಾಲ್, ಅಂದರೆ ಚೆಂಡನ್ನು ಕೈಯಲ್ಲಿ ಹಿಡಿದು ಓಡುವ ಆಟ, ದೊಡ್ಡ ಉತ್ಸವವೇ ಸರಿ. ಓಹಾಯೋ ಸ್ಟೇಟ್ ವಿಶ್ವವಿದ್ಯಾಲಯದ ಕ್ರೀಡಾಂಗಣದಲ್ಲಿ ಒಂದು ಲಕ್ಷಕ್ಕೂ ಹೆಚ್ಚು ಜನ ಕೂರಬಹುದು.

ಬಹುಕಾಲ ಹೆಚ್ಚಿನ ವಿಶ್ವವಿದ್ಯಾಲಯಗಳು ಸಾಮಾನ್ಯ ಪ್ರೇಕ್ಷಕರಿಗೆ ಬಿಯರ್ ಮಾರುತ್ತಿರಲಿಲ್ಲ. ಕಾರಣ ಸುಲಭ. 1984ರ ಕೇಂದ್ರ ಕಾನೂನಿನ ಪ್ರಕಾರ ಮದ್ಯಕೊಳ್ಳುವ ವಯಸ್ಸನ್ನು 21ಕ್ಕೆ ಏರಿಸದ ರಾಜ್ಯಗಳಿಗೆ ಹೆದ್ದಾರಿ ಅನುದಾನದಲ್ಲಿ ಕಡಿತ. 1988ರ ಹೊತ್ತಿಗೆ ಎಲ್ಲ ರಾಜ್ಯಗಳೂ ಒಪ್ಪಿದವು. ಪದವಿ ವಿದ್ಯಾರ್ಥಿಗಳಲ್ಲಿ ಬಹುಪಾಲು 18ರಿಂದ 22ರ ವಯಸ್ಸಿನವರು. ಹೀಗಾಗಿ ಗ್ಯಾಲರಿಯಲ್ಲಿ ಪಕ್ಕಪಕ್ಕ ಕುಳಿತ ಇಬ್ಬರು ಗೆಳೆಯರಲ್ಲಿ ಒಬ್ಬನಿಗೆ ಬಿಯರ್ ಕೊಡಬಹುದು, ಇನ್ನೊಬ್ಬನಿಗೆ ಕೊಡುವ ಹಾಗಿಲ್ಲ.

ನಿಷೇಧವಿದ್ದಾಗ ಏನಾಗುತ್ತಿತ್ತು?

ಒಳಗೆ ಸಿಗದಿದ್ದರೆ ಜನ ಕುಡಿಯುವುದನ್ನು ಬಿಟ್ಟರೇ? ಇಲ್ಲ. ಪಂದ್ಯಕ್ಕೆ ಗಂಟೆಗಟ್ಟಲೆ ಮೊದಲೇ ಪಾರ್ಕಿಂಗ್ ಜಾಗದಲ್ಲಿ ಕಾರು ನಿಲ್ಲಿಸಿ, ಹಿಂದಿನ ಡಿಕ್ಕಿ ತೆರೆದು, ಒಲೆ ಹೂಡಿ ಮಾಂಸ ಸುಡುತ್ತಾ ಬಿಯರ್ ಕುಡಿಯುವುದು ಅಲ್ಲಿನ ವಾಡಿಕೆ. ಇದಕ್ಕೆ ಟೇಲ್‌ಗೇಟಿಂಗ್ ಎನ್ನುತ್ತಾರೆ. ಒಳಗೆ ಹೋದ ಮೇಲೆ ಮೂರೂವರೆ ಗಂಟೆ ಏನೂ ಸಿಗದು ಎಂದು ಗೊತ್ತಿದ್ದವರು ಗೇಟಿನ ಹೊರಗೇ ಆತುರಾತುರವಾಗಿ ಕುಡಿಯುತ್ತಿದ್ದರು. ಕೆಲವರು ಬಟ್ಟೆಯೊಳಗೆ ಸಣ್ಣ ಬಾಟಲಿ ಅಡಗಿಸಿ ಒಯ್ಯುತ್ತಿದ್ದರು. ಇನ್ನೊಂದು ತಮಾಷೆ ನೋಡಿ: ದುಡ್ಡುಳ್ಳವರು ಕೂರುವ ವಿಶೇಷ ಕೊಠಡಿಗಳಲ್ಲಿ ಹಲವು ಕಡೆ ಮದ್ಯ ಮೊದಲಿನಿಂದಲೂ ಸಿಗುತ್ತಿತ್ತು.

ವೆಸ್ಟ್ ವರ್ಜೀನಿಯಾ ವಿಶ್ವವಿದ್ಯಾಲಯದಲ್ಲಿ ಅರ್ಧ ಆಟ ಮುಗಿದಾಗ ಪ್ರೇಕ್ಷಕರು ಹೊರಗೆ ಹೋಗಿ ಕಾರಿನ ಬಳಿ ಕುಡಿದು ಮರಳಿ ಬರಬಹುದಿತ್ತು. 2011ರಲ್ಲಿ ಅಲ್ಲಿನ ಕ್ರೀಡಾ ನಿರ್ದೇಶಕ ಆಲಿವರ್ ಲಕ್ ಅವರ ಕಾಲದಲ್ಲಿ ಎರಡು ತೀರ್ಮಾನಗಳು ಒಟ್ಟಿಗೆ ಜಾರಿಗೆ ಬಂದವು. ಹೊರಹೋದವರಿಗೆ ಮರುಪ್ರವೇಶ ಬಂದ್; ಒಳಗೆ ನಿಯಮಬದ್ಧವಾಗಿ ಬಿಯರ್ ಮಾರಾಟ ಶುರು. ಅನೇಕರು ಗಲಾಟೆ ಹೆಚ್ಚುತ್ತದೆ ಎಂದು ಹೆದರಿದ್ದರು. ಆದರೆ ಪಂದ್ಯದ ದಿನದ ಪೊಲೀಸ್ ಪ್ರಕರಣಗಳು ಕಡಿಮೆಯಾದವು.

ಇಲ್ಲಿ ಆತುರದ ನಿರ್ಣಯ ಬೇಡ. ಬಿಯರ್ ಮಾರಿದ್ದರಿಂದಲೇ ಗಲಾಟೆ ಇಳಿಯಿತು ಎನ್ನಲಾಗದು; ಅದೇ ವರ್ಷ ಗೇಟನ್ನೂ ಬಿಗಿ ಮಾಡಿದ್ದರಲ್ಲ! ನಾವು ಹಿಡಿಯಬೇಕಾದ ಎಳೆ ಇದು: ಕಣ್ಣಿಗೆ ಕಾಣದಂತೆ, ಅವಸರದಲ್ಲಿ, ಲೆಕ್ಕವಿಲ್ಲದೆ ಕುಡಿಯುವುದೇ ಹೆಚ್ಚು ಅಪಾಯ. ಕುಡಿತ ಕೌಂಟರಿನ ಕಣ್ಣಳತೆಗೆ ಬಂದಾಗ ಅದನ್ನು ತಡೆಯುವ ಅವಕಾಶವೂ ಸಿಗುತ್ತದೆ. ಆ ಅವಕಾಶವನ್ನು ಬಳಸುವವರು ಕೌಂಟರಿನಲ್ಲಿರಬೇಕು, ಅಷ್ಟೇ.

ನಿಯಮಗಳ ಪಟ್ಟಿ

ದಕ್ಷಿಣದ ರಾಜ್ಯಗಳ ದೊಡ್ಡ ವಿಶ್ವವಿದ್ಯಾಲಯಗಳ ಕೂಟವಾದ ಸೌತ್‌ಈಸ್ಟರ್ನ್ ಕಾನ್ಫರೆನ್ಸ್ ತನ್ನ ಹಳೆಯ ನಿಷೇಧವನ್ನು 2019ರಲ್ಲಿ ತೆಗೆದುಹಾಕಿ, ಮಾರುವುದೋ ಬಿಡುವುದೋ ಎಂಬುದನ್ನು ಆಯಾ ವಿಶ್ವವಿದ್ಯಾಲಯಕ್ಕೆ ಬಿಟ್ಟಿತು. ಜೊತೆಗೆ ಹಾಕಿದ ಷರತ್ತುಗಳು ನಮ್ಮ ಉದ್ಯಮದವರು ಓದಬೇಕಾದಂಥವು:

1. ಬಿಯರ್ ಮತ್ತು ವೈನ್ ಮಾತ್ರ, ಗಟ್ಟಿ ಮದ್ಯವಿಲ್ಲ.
2. ಗೊತ್ತುಪಡಿಸಿದ ಸ್ಥಿರ ಕೌಂಟರಿನಲ್ಲೇ ಮಾರಾಟ. ಕಡಲೆಕಾಯಿ ಮಾರುವವರಂತೆ ಗ್ಯಾಲರಿಯಲ್ಲಿ ಸುತ್ತಾಡಿ ಮಾರುವಂತಿಲ್ಲ.
3. ಪ್ರತಿ ಮಾರಾಟದ ಜಾಗದಲ್ಲೂ ಗುರುತಿನ ಚೀಟಿ ನೋಡಿ ವಯಸ್ಸು ಖಾತ್ರಿಪಡಿಸಬೇಕು.
4. ಒಂದು ಸಲಕ್ಕೆ ಒಬ್ಬರಿಗೆ ಇಷ್ಟೇ ಎಂಬ ಮಿತಿ ಇರಬೇಕು.
5. ಪಾನೀಯವನ್ನು ಲೋಟಕ್ಕೆ ಸುರಿದು ಕೊಡಬೇಕು.
6. ಮಾರುವ ನೌಕರರಿಗೆ ತರಬೇತಿ ಆಗಿರಬೇಕು.
7. ಫುಟ್‌ಬಾಲಿನ ನಾಲ್ಕು ಭಾಗಗಳಲ್ಲಿ ಮೂರನೆಯದು ಮುಗಿಯುತ್ತಲೇ ಮಾರಾಟ ಬಂದ್.

ಇವುಗಳಲ್ಲಿ ನಾಲ್ಕನೆಯದೂ ಏಳನೆಯದೂ ಬಹಳ ಮುಖ್ಯ. ಎರಡೂ ಕುಡಿತದ ವೇಗವನ್ನು ಹಿಡಿದಿಡುವ ಉಪಾಯಗಳು. ಇನ್ನಷ್ಟು ಬೇಕಾದವನು ಮತ್ತೆ ಸಾಲಿನಲ್ಲಿ ನಿಲ್ಲಬೇಕು. ಅಷ್ಟರಲ್ಲಿ ಹೊತ್ತು ಹೋಗುತ್ತದೆ, ಎರಡನೇ ಬಾರಿ ನೌಕರನ ಕಣ್ಣಿಗೂ ಬೀಳುತ್ತಾನೆ.

ತೀರಾ ಅಗ್ಗದ ಮಾರಾಟ ಎಲ್ಲಿಗೆ ಮುಟ್ಟುತ್ತದೆ ಎಂಬುದಕ್ಕೆ ಹಳೆಯ ಉದಾಹರಣೆಯೊಂದಿದೆ. ಅದು ಕಾಲೇಜಿನದಲ್ಲ, ವೃತ್ತಿಪರ ಬೇಸ್‌ಬಾಲ್ ಪಂದ್ಯ. 1974ರ ಜೂನ್ 4ರಂದು ಕ್ಲೀವ್‌ಲ್ಯಾಂಡಿನಲ್ಲಿ ಜನರನ್ನು ಸೆಳೆಯಲು ಒಂದು ಲೋಟ ಬಿಯರಿಗೆ ಬರೀ 10 ಸೆಂಟ್ ಬೆಲೆಯಿಟ್ಟರು. 25 ಸಾವಿರಕ್ಕೂ ಹೆಚ್ಚು ಜನ ಬಂದರು. ಕೊನೆಗೆ ಕುಡಿದವರು ಮೈದಾನಕ್ಕೇ ನುಗ್ಗಿ, ಆತಿಥೇಯ ತಂಡ ಪಂದ್ಯವನ್ನೇ ಬಿಟ್ಟುಕೊಡಬೇಕಾಯಿತು.

ಲೋಟದ ಲೆಕ್ಕ

ನಿಯಮ ಮಾಡಿದರೆ ಸಾಲದು, ಅಳತೆಯೂ ತಿಳಿದಿರಬೇಕು. ಅಮೆರಿಕದಲ್ಲಿ 14 ಗ್ರಾಂ ಶುದ್ಧ ಆಲ್ಕೊಹಾಲನ್ನು ಒಂದು ಪ್ರಮಾಣ ಎಂದು ಹಿಡಿಯುತ್ತಾರೆ. ಶೇ. 5ರ ಬಿಯರ್ 12 ಔನ್ಸ್, ಅಂದರೆ 355 ಮಿ.ಲೀ. ಇದ್ದರೆ ಒಂದು ಪ್ರಮಾಣ. ಆದರೆ ಹಲವು ಕ್ರೀಡಾಂಗಣಗಳಲ್ಲಿ 24 ಔನ್ಸಿನ ದೊಡ್ಡ ಕ್ಯಾನ್ ಮಾರುತ್ತಾರೆ. ‘ಒಬ್ಬರಿಗೆ ಎರಡೇ’ ಎಂಬ ಮಿತಿ ಇದ್ದರೂ ಗಿರಾಕಿಯ ಕೈಗೆ ನಾಲ್ಕು ಪ್ರಮಾಣ ಹೋದಂತಾಯಿತು!

ನಮ್ಮಲ್ಲಿನ ಲೆಕ್ಕ ಇನ್ನೂ ಗಮನಿಸಬೇಕಾದದ್ದು. 650 ಮಿ.ಲೀ. ಬಾಟಲಿ, ಶೇ. 5ರ ಬಿಯರ್ ಆದರೆ ಸುಮಾರು 26 ಗ್ರಾಂ, ಎಂದರೆ ಹೆಚ್ಚುಕಡಿಮೆ ಎರಡು ಪ್ರಮಾಣ. ಅದೇ ಬಾಟಲಿ ಶೇ. 8ರ ಸ್ಟ್ರಾಂಗ್ ಆದರೆ ಸುಮಾರು 41 ಗ್ರಾಂ, ಮೂರು ಪ್ರಮಾಣ. ದೇಹ ಒಂದು ಪ್ರಮಾಣವನ್ನು ಅರಗಿಸಲು ಸ್ಥೂಲವಾಗಿ ಒಂದು ಗಂಟೆ ಬೇಕು. ‘ಒಂದೇ ಬಾಟಲಿ ಕುಡಿದದ್ದು’ ಎನ್ನುವ ಗಿರಾಕಿಗೆ ಮೂರು ಗಂಟೆಯ ಬಾಕಿ ಇರುತ್ತದೆ. ಕಾಫಿ ಕುಡಿಸಿದರೂ ತಣ್ಣೀರು ಹಾಕಿದರೂ ಈ ಹೊತ್ತು ಕಡಿಮೆಯಾಗದು. ಕೊನೆಯ ಭಾಗದಲ್ಲಿ ಮಾರಾಟ ನಿಲ್ಲಿಸುವ ನಿಯಮದ ಮಿತಿಯೂ ಇದೇ: ಸಿಗುವ ಮುಕ್ಕಾಲು ಗಂಟೆಯಲ್ಲಿ ಒಂದು ಲೋಟವೂ ಪೂರ್ತಿ ಇಳಿಯದು.

ಬಕ್ಷೀಸಿಗೆ ಮುರಿದ ನಿಯಮ

ಕೇಟರಿಂಗ್‌ನವರೆಲ್ಲ ಅರಿಯಬೇಕಾದ ಮೊಕದ್ದಮೆಯೊಂದು ನ್ಯೂಜೆರ್ಸಿಯಲ್ಲಿ ನಡೆಯಿತು. ಇದೂ ವೃತ್ತಿಪರ ಪಂದ್ಯದ್ದೇ. 1999ರ ಅಕ್ಟೋಬರಿನಲ್ಲಿ ಜೈಂಟ್ಸ್ ಸ್ಟೇಡಿಯಮ್ಮಿನಲ್ಲಿ ಫುಟ್‌ಬಾಲ್ ನೋಡಿದ ಪ್ರೇಕ್ಷಕನೊಬ್ಬ ಕುಡಿದು ಕಾರು ಓಡಿಸಿ ಇನ್ನೊಂದು ಕಾರಿಗೆ ಗುದ್ದಿದ. ಅದರಲ್ಲಿದ್ದ ಎರಡು ವರ್ಷದ ಹೆಣ್ಣುಮಗುವಿಗೆ ಕತ್ತಿನಿಂದ ಕೆಳಗೆ ಪಾರ್ಶ್ವವಾಯು ಆಯಿತು. ಅಲ್ಲಿ ಒಬ್ಬರಿಗೆ ಎರಡೇ ಬಿಯರ್ ಎಂಬ ನಿಯಮವಿತ್ತು. 10 ಡಾಲರ್ ಬಕ್ಷೀಸು ಕೊಟ್ಟು ಆರು ಪಡೆದ ಸಂಗತಿ ವಿಚಾರಣೆಯಲ್ಲಿ ಹೊರಬಿತ್ತು. 2005ರಲ್ಲಿ ಜ್ಯೂರಿ, ಬಿಯರ್ ಮಾರುತ್ತಿದ್ದ ಅರಾಮಾರ್ಕ್ ಕಂಪನಿ 10.5 ಕೋಟಿ ಡಾಲರ್ ಕೊಡಬೇಕೆಂದಿತು. 2006ರಲ್ಲಿ ಮೇಲಿನ ನ್ಯಾಯಾಲಯ ಆ ತೀರ್ಪನ್ನು ರದ್ದುಮಾಡಿತು. ಆಮೇಲೆ ವಿಷಯ ರಾಜಿಯಲ್ಲಿ ಮುಗಿಯಿತು.

ನೋಡಿದರೆ ತಿಳಿಯುವಷ್ಟು ಅಮಲೇರಿದವನಿಗೆ ಮತ್ತೆ ಕೊಟ್ಟರೆ ಮಾರಿದವನೂ ಹೊಣೆ ಎಂಬುದು ಆ ರಾಜ್ಯದ ಕಾನೂನು. ದಂಡದ ಮೊತ್ತವನ್ನು ಮರೆತರೂ ಆ ಮಗುವನ್ನು ಮರೆಯುವಂತಿಲ್ಲ. ಮಾಲೀಕರು ಬರೆಸಿದ ಒಳ್ಳೆಯ ನಿಯಮ, ಸಂಬಳ ಕಡಿಮೆಯಿರುವ ಒಬ್ಬ ಹುಡುಗನ ಕೈಯಲ್ಲಿ ಸಣ್ಣ ಬಕ್ಷೀಸಿಗೆ ಮುರಿದುಹೋಗುತ್ತದೆ. ಬೇಡ ಎಂದು ಹೇಳುವ ಹುಡುಗನಿಗೆ ಬೈಗುಳ ಗಿರಾಕಿಯಿಂದ ಬರಬಹುದು. ಮಾಲೀಕರಿಂದ ಮಾತ್ರ ಬರಬಾರದು.

ಲಾಭದ ಒಂದು ಪಾಲು

ವೆಸ್ಟ್ ವರ್ಜೀನಿಯಾದ ಆದಾಯ ಆರಂಭದಲ್ಲಿ ವರ್ಷಕ್ಕೆ ಸುಮಾರು 5 ಲಕ್ಷ ಡಾಲರ್ ಎಂದು ವರದಿಯಾಗಿತ್ತು. ಓಹಾಯೋ ಸ್ಟೇಟ್ 2016ರಲ್ಲಿ ಇಡೀ ಕ್ರೀಡಾಂಗಣದಲ್ಲಿ ಮಾರಾಟ ಶುರುಮಾಡಿದಾಗ, ಬಂದ ಹಣದಲ್ಲಿ ಒಂದು ಪಾಲನ್ನು ವಿಶ್ವವಿದ್ಯಾಲಯದ ಪೊಲೀಸ್ ಸಿಬ್ಬಂದಿಗೂ ಮದ್ಯದ ದುರ್ಬಳಕೆ ಕುರಿತ ಸಂಶೋಧನೆಗೂ ತೆಗೆದಿರಿಸಿತು. ಗಳಿಕೆಯ ಜೊತೆಗೇ ಕಾವಲಿಗೂ ಹಣ ತೆಗೆದಿಡುವುದು ಒಳ್ಳೆಯ ವ್ಯಾಪಾರವೇ.

ನಮ್ಮಲ್ಲಿ ಮಾಡಬಹುದಾದದ್ದು

ಐಪಿಎಲ್ ರಾತ್ರಿಗಳಲ್ಲಿ ದೊಡ್ಡ ಪರದೆ ಹಾಕುವ ನಮ್ಮ ಬಾರುಗಳೂ ಪುಟ್ಟ ಕ್ರೀಡಾಂಗಣಗಳೇ. ಮಹಾರಾಷ್ಟ್ರದಲ್ಲಿ ಬಿಯರಿಗೆ 21, ಗಟ್ಟಿ ಮದ್ಯಕ್ಕೆ 25 ವರ್ಷ ಆಗಿರಬೇಕು. ಇತರ ರಾಜ್ಯಗಳ ಸದಸ್ಯರು ತಮ್ಮ ಅಬಕಾರಿ ನಿಯಮವನ್ನು ಗೋಡೆಗೆ ಹಚ್ಚಲಿ. 100 ಮಿ.ಲೀ. ರಕ್ತದಲ್ಲಿ 30 ಮಿ.ಗ್ರಾಂಗಿಂತ ಹೆಚ್ಚು ಆಲ್ಕೊಹಾಲ್ ಇದ್ದು ವಾಹನ ಓಡಿಸುವುದು ದೇಶದೆಲ್ಲೆಡೆ ಅಪರಾಧ. 2019ರ ತಿದ್ದುಪಡಿಯಂತೆ ಮೊದಲ ತಪ್ಪಿಗೇ 10 ಸಾವಿರ ರೂಪಾಯಿ ದಂಡ ಅಥವಾ ಆರು ತಿಂಗಳವರೆಗೆ ಸಜೆ, ಇಲ್ಲವೇ ಎರಡೂ. ಕೊನೆಯ ಐದು ಓವರಿಗೆ ಹೊಸ ಆರ್ಡರ್ ನಿಲ್ಲಿಸಿ ಊಟ, ನೀರು ಮುಂದಿಡುವುದು, ಗಿರಾಕಿಗೆ ಟ್ಯಾಕ್ಸಿ ಕರೆಸಿಕೊಡುವುದು ನಮ್ಮ ಕೈಯಲ್ಲಿರುವ ಕೆಲಸ.

ಸಿಬ್ಬಂದಿ ಸಭೆಯಲ್ಲಿ ಕೇಳಬೇಕಾದ ಪ್ರಶ್ನೆಗಳು

1. ಗಿರಾಕಿಯ ವಯಸ್ಸಿನ ಬಗ್ಗೆ ಸಂಶಯ ಬಂದರೆ ಯಾವ ದಾಖಲೆ ಕೇಳುತ್ತೀರಿ?
2. ಒಂದು ಸ್ಟ್ರಾಂಗ್ ಬಾಟಲಿ ಎಷ್ಟು ಪ್ರಮಾಣ?
3. ಅಮಲೇರಿದವನಿಗೆ ‘ಸಾಕು’ ಎನ್ನುವ ಅಧಿಕಾರ ವೈಟರಿಗಿದೆಯೇ, ಮೇನೇಜರಿಗೆ ಮಾತ್ರವೇ?
4. ಹಾಗೆ ಹೇಳಿದ ವೈಟರಿನ ಬೆನ್ನಿಗೆ ಯಾರು ನಿಲ್ಲುತ್ತಾರೆ?

ನಾಲ್ಕನೆಯ ಪ್ರಶ್ನೆಗೆ ಮಾಲೀಕರೇ ಎಲ್ಲರೆದುರು ಉತ್ತರ ಕೊಡತಕ್ಕದ್ದು.