ದೊಡ್ಡದೆಲ್ಲ ಭಾರವೇ? ಸೂರ್ಯನ ಗಾತ್ರ ಮತ್ತು ದ್ರವ್ಯರಾಶಿ

ಪ್ರಥಮ ಪಿಯು ವಿಜ್ಞಾನ ವಿಭಾಗದ ವಿದ್ಯಾರ್ಥಿಗಳು ತಮ್ಮ ನೋಟ್ ಪುಸ್ತಕದಲ್ಲಿ ಒಂದು ಸಾಲನ್ನು ಹೊಡೆದು ಹಾಕಬೇಕಾಗಿದೆ. ತಪ್ಪು ಅವರದಲ್ಲ, ನನ್ನದು.

ಗುರುತ್ವಾಕರ್ಷಣೆಯ ಅಧ್ಯಾಯ ಮುಗಿಸಿದ ದಿನ, ಆರ್ದ್ರಾ ನಕ್ಷತ್ರದ ವ್ಯಾಸ ಸೂರ್ಯನ ವ್ಯಾಸದ ಸುಮಾರು 700 ಪಟ್ಟು ಎಂದು ಹೇಳಿದ್ದೆ. ಹಿಂದಿನ ಬೆಂಚಿನಿಂದ ಒಬ್ಬಳು ವಿದ್ಯಾರ್ಥಿನಿ ಎದ್ದು, "ಸರ್, 700ರ ಘನ ಅಂದರೆ 34 ಕೋಟಿ ಚಿಲ್ಲರೆ ಆಗ್ತದೆ. ಹಾಗಾದರೆ ಅದು 34 ಕೋಟಿ ಸೂರ್ಯರಷ್ಟು ಭಾರ ಇದೆಯಾ?" ಎಂದು ಕೇಳಿದಳು. ಅಷ್ಟರಲ್ಲಿ ಬೆಲ್ ಹೊಡೆಯಿತು. ಬೋರ್ಡ್ ಒರೆಸುತ್ತಾ "ಹೌದು, ಸುಮಾರು ಅಷ್ಟೇ" ಎಂದುಬಿಟ್ಟೆ. ಕೆಲವರು ಬರೆದುಕೊಂಡದ್ದನ್ನೂ ಕಂಡೆ. ಸಂಜೆ ಮನೆಗೆ ಹೋಗುವ ಬಸ್ಸಿನಲ್ಲಿ ಕುಳಿತಾಗ ಹೊಳೆಯಿತು: ಅವಳ ಗುಣಾಕಾರ ಸರಿ, ನನ್ನ ಉತ್ತರ ತಪ್ಪು. ಸಣ್ಣ ತಪ್ಪೂ ಅಲ್ಲ, ಸುಮಾರು ಎರಡು ಕೋಟಿ ಪಟ್ಟು ತಪ್ಪು. ಮರುದಿನದಿಂದಲೇ ಪರೀಕ್ಷೆ ಶುರುವಾದ್ದರಿಂದ ತರಗತಿಯಲ್ಲಿ ತಿದ್ದಲು ಆಗಲಿಲ್ಲ. ಆದ್ದರಿಂದ ಇಲ್ಲಿ ಬರೆಯುತ್ತಿದ್ದೇನೆ.

ಭೂಮಿಯಿಂದಲೇ ಆರಂಭಿಸೋಣ. ಭೂಮಿಯ ವ್ಯಾಸ 12,742 ಕಿ.ಮೀ. ಸೂರ್ಯನದು ಸುಮಾರು 13,92,000 ಕಿ.ಮೀ., ಅಂದರೆ 109 ಭೂಮಿಗಳನ್ನು ಸಾಲಾಗಿ ಇಟ್ಟಷ್ಟು. ಈ ಸಂಖ್ಯೆ ಬಾಯಿಪಾಠ ಆಗುತ್ತದೆಯೇ ಹೊರತು ಮನಸ್ಸಿಗೆ ಹತ್ತುವುದಿಲ್ಲ. ಹೀಗೆ ಯೋಚಿಸಿ: ಭೂಮಿ ಇರುವ ಜಾಗದಲ್ಲಿ ಸೂರ್ಯನ ಕೇಂದ್ರವನ್ನು ಇಟ್ಟರೆ, ನಮ್ಮ ಚಂದ್ರ ಸೂರ್ಯನ ಒಳಗೇ ಸುತ್ತುತ್ತಿರುತ್ತಾನೆ. ಚಂದ್ರನಿಗೆ ಇರುವ ದೂರ 3,84,400 ಕಿ.ಮೀ.; ಸೂರ್ಯನ ತ್ರಿಜ್ಯ 6,96,000 ಕಿ.ಮೀ. ಚಂದ್ರ ಸೂರ್ಯನ ಮೇಲ್ಮೈಗೆ ಹೋಗುವ ದಾರಿಯ ಅರ್ಧವನ್ನು ಸ್ವಲ್ಪ ದಾಟಿರುತ್ತಾನೆ, ಅಷ್ಟೇ. ಅಂಥ ಸೂರ್ಯನನ್ನು ಈ ಪುಟ್ಟ ಚಂದ್ರ ಮರೆಮಾಡುವುದು ಹೇಗೆ? ಸೂರ್ಯ ಚಂದ್ರನಿಗಿಂತ ಸುಮಾರು 400 ಪಟ್ಟು ದೊಡ್ಡವನು, ಸುಮಾರು 400 ಪಟ್ಟು ದೂರದವನೂ ಹೌದು. 2019ರ ಡಿಸೆಂಬರ್ 26ರಂದು ಮಂಗಳೂರಿನಲ್ಲಿ ಕಂಕಣ ಗ್ರಹಣ ಕಂಡವರಿಗೆ ಈ ಲೆಕ್ಕ ಕಣ್ಣಾರೆ ಗೊತ್ತು. ಅಂದು ಚಂದ್ರ ತುಸು ದೂರದಲ್ಲಿದ್ದುದರಿಂದ ಪೂರ್ತಿ ಮುಚ್ಚಲಾರದೆ ಸುತ್ತ ಬಳೆಯಷ್ಟು ಬೆಳಕು ಉಳಿದಿತ್ತು.

ಈಗ ನಾನು ಎಡವಿದ ಜಾಗ. 109ರ ಘನ ಸುಮಾರು 13 ಲಕ್ಷ. ಸೂರ್ಯನ ಘನಫಲದಲ್ಲಿ 13 ಲಕ್ಷ ಭೂಮಿಗಳು ಹಿಡಿಸುತ್ತವೆ. ಆದರೆ ಸೂರ್ಯನ ದ್ರವ್ಯರಾಶಿ 13 ಲಕ್ಷ ಭೂಮಿಗಳಷ್ಟಿಲ್ಲ. 3,33,000 ಭೂಮಿಗಳಷ್ಟು ಮಾತ್ರ. ಭೂಮಿ ಕಲ್ಲು, ಕಬ್ಬಿಣಗಳ ಗೋಳ. ಸೂರ್ಯ ಬಹುಪಾಲು ಹೈಡ್ರೋಜನ್ ಮತ್ತು ಹೀಲಿಯಂ. ಭೂಮಿಯ ಸರಾಸರಿ ಸಾಂದ್ರತೆ ನೀರಿನ ಐದೂವರೆ ಪಟ್ಟು, ಸೂರ್ಯನದು 1.4 ಪಟ್ಟು. ಈ ಸರಾಸರಿಯನ್ನೂ ಪೂರ್ತಿ ನಂಬಬೇಡಿ. ಸೂರ್ಯನ ಕೇಂದ್ರದಲ್ಲಿ ಒಂದು ಲೀಟರಿನಷ್ಟು ಜಾಗದಲ್ಲಿ ಸುಮಾರು 150 ಕೆ.ಜಿ. ತುಂಬಿರುತ್ತದೆ, ನಮಗೆ ಕಾಣುವ ಮೇಲ್ಮೈಯಾದರೋ ನಾವು ಉಸಿರಾಡುವ ಗಾಳಿಗಿಂತಲೂ ತೆಳು.

ಹಾಗಾದರೆ ಸೂರ್ಯನನ್ನು ತಕ್ಕಡಿಗೆ ಹಾಕಿದ್ದು ಯಾರು? ಭೂಮಿಯೇ ತಕ್ಕಡಿ. ಸೂರ್ಯನ ದ್ರವ್ಯರಾಶಿ ಹೆಚ್ಚಿದ್ದರೆ ಈಗಿರುವ ದೂರದಲ್ಲಿ ಭೂಮಿ ಬೇಗ ಸುತ್ತಬೇಕಿತ್ತು, ಕಡಿಮೆಯಿದ್ದರೆ ನಿಧಾನವಾಗಿ. ಒಂದು ವರ್ಷ ಎಂಬ ಅವಧಿಯಲ್ಲೇ ಸೂರ್ಯನ ದ್ರವ್ಯರಾಶಿ ಅಡಗಿದೆ. ನೀವು ಪರೀಕ್ಷೆಗೆಂದು ಓದಿದ ಸೂತ್ರವೇ ಸಾಕು: ದೂರದ ಘನವನ್ನು ಪೈ ವರ್ಗದ ನಾಲ್ಕು ಪಟ್ಟಿನಿಂದ ಗುಣಿಸಿ, ಅದನ್ನು ಗುರುತ್ವ ಸ್ಥಿರಾಂಕ ಮತ್ತು ಅವಧಿಯ ವರ್ಗ ಇವುಗಳ ಗುಣಲಬ್ಧದಿಂದ ಭಾಗಿಸಿ. ದೂರ 15 ಕೋಟಿ ಕಿ.ಮೀ., ಅವಧಿ 365.25 ದಿನ. ಮೀಟರ್, ಸೆಕೆಂಡುಗಳಿಗೆ ಬದಲಾಯಿಸಲು ಮರೆಯಬೇಡಿ; ಅಂಕ ಹೋಗುವುದು ಅಲ್ಲೇ. ಉತ್ತರ 2ರ ಮುಂದೆ 30 ಸೊನ್ನೆ ಹಾಕಿದಷ್ಟು ಕೆ.ಜಿ. ಇದರಲ್ಲಿ ಸುಲಭವಾಗಿ ಸಿಗದ ಅಂಶ ಗುರುತ್ವ ಸ್ಥಿರಾಂಕ. 1798ರಲ್ಲಿ ಹೆನ್ರಿ ಕ್ಯಾವೆಂಡಿಷ್ ತಂತಿಗೆ ತೂಗುಹಾಕಿದ ಸೀಸದ ಗುಂಡುಗಳಿಂದ ಮಾಡಿದ ಪ್ರಯೋಗ ಅದಕ್ಕೆ ದಾರಿ ಮಾಡಿತು. ಮುಚ್ಚಿದ ಕೋಣೆಯಲ್ಲಿ ಎರಡು ಗುಂಡುಗಳ ನಡುವಿನ ಸೆಳೆತ ಅಳೆಯದಿದ್ದರೆ ಸೂರ್ಯನ ಕಿಲೋಗ್ರಾಂ ಲೆಕ್ಕ ನಮಗೆ ಸಿಗುತ್ತಿರಲಿಲ್ಲ.

ಸೌರಮಂಡಲದ ಒಟ್ಟು ದ್ರವ್ಯರಾಶಿಯಲ್ಲಿ ಶೇ. 99.86 ಸೂರ್ಯನೊಬ್ಬನದೇ. ಉಳಿದ ಚೂರಿನಲ್ಲಿ ಹೆಚ್ಚಿನ ಪಾಲು ಗುರುವಿನದು, ಅದೂ ಸೂರ್ಯನ 1,047ರಲ್ಲಿ ಒಂದು ಭಾಗ. ಗ್ರಹಗಳಲ್ಲೂ ಗಾತ್ರ ಮೋಸ ಮಾಡುತ್ತದೆ. ಶನಿ ವ್ಯಾಸದಲ್ಲಿ ಗುರುವಿಗಿಂತ ಸ್ವಲ್ಪವೇ ಚಿಕ್ಕದು, ದ್ರವ್ಯರಾಶಿಯಲ್ಲಿ ಅದರ ಮೂರನೇ ಒಂದಕ್ಕಿಂತ ಕಡಿಮೆ.

ಸೂರ್ಯ ಒಂದು ಸಾಧಾರಣ ನಕ್ಷತ್ರ ಎಂದು ಎಲ್ಲ ಪುಸ್ತಕಗಳೂ ಬರೆಯುತ್ತವೆ. ನನಗೆ ಈ ಮಾತು ಪೂರ್ತಿ ಒಪ್ಪಿಗೆಯಿಲ್ಲ. ನಮ್ಮ ಆಕಾಶಗಂಗೆಯ ನಕ್ಷತ್ರಗಳಲ್ಲಿ ಸುಮಾರು ಮುಕ್ಕಾಲು ಪಾಲು ಕೆಂಪು ಕುಬ್ಜಗಳು, ಸೂರ್ಯನಿಗಿಂತ ಎಷ್ಟೋ ಹಗುರ. ಅವುಗಳಲ್ಲಿ ಒಂದೂ ಬರಿಗಣ್ಣಿಗೆ ಕಾಣುವುದಿಲ್ಲ. ಹತ್ತಿರದ ಪ್ರಾಕ್ಸಿಮಾ ಸೆಂಟಾರಿಯದ್ದೂ ಇದೇ ಕಥೆ. ಅದರ ದ್ರವ್ಯರಾಶಿ ಸೂರ್ಯನ ಎಂಟನೇ ಒಂದು ಭಾಗದಷ್ಟು. ರಾತ್ರಿ ಕಣ್ಣಿಗೆ ಬೀಳುವವು ಹೆಚ್ಚಾಗಿ ಸೂರ್ಯನಿಗಿಂತ ಪ್ರಖರವಾದವು. ವೇದಿಕೆ ಮೇಲೆ ಕುಳಿತವರನ್ನು ಮಾತ್ರ ನೋಡಿ ಊರಿನ ಜನಗಣತಿ ಮಾಡಿದ ಹಾಗೆ.

ಆ ವೇದಿಕೆ ಮೇಲಿನವರಲ್ಲಿ ಆರ್ದ್ರಾ ಒಂದು. ಜನವರಿಯ ರಾತ್ರಿ ಮಹಾವ್ಯಾಧ ನಕ್ಷತ್ರಪುಂಜದಲ್ಲಿ ಕೆಂಪಗೆ ಕಾಣುತ್ತದೆ. ಇಂಗ್ಲಿಷ್ ಪುಸ್ತಕಗಳಲ್ಲಿ ಇದು ಬೀಟಲ್‌ಜೂಸ್. ಅರಬಿ ಓದಬಲ್ಲವರಿಗೆ ಒಂದು ಸ್ವಾರಸ್ಯ: ಮೂಲ ಹೆಸರು 'ಯದ್ ಅಲ್-ಜೌಝಾ', ಅಂದರೆ ಜೌಝಾದ ಕೈ. ಯೂರೋಪಿಗೆ ಹೋಗುವಾಗ ಮೊದಲಕ್ಷರ 'ಯಾ'ದ ಎರಡು ಚುಕ್ಕೆಗಳು ಒಂದಾಗಿ 'ಬಾ' ಎಂದು ಓದಲ್ಪಟ್ಟಿತು. ಒಂದು ಚುಕ್ಕೆಯ ತಪ್ಪು ಶತಮಾನಗಳ ಕಾಲ ಉಳಿಯಿತು. ನನ್ನ 34 ಕೋಟಿ ಹಾಗೆ ಉಳಿಯುವುದು ಬೇಡ.

ಆರ್ದ್ರಾವನ್ನು ಸೂರ್ಯನ ಜಾಗದಲ್ಲಿಟ್ಟರೆ ಅದು ಬುಧ, ಶುಕ್ರ, ಭೂಮಿಗಳನ್ನು ನುಂಗಿ ಮಂಗಳನ ಕಕ್ಷೆಯನ್ನೂ ದಾಟುತ್ತದೆ. ಆದರೆ ಅದರ ದ್ರವ್ಯರಾಶಿ ಸೂರ್ಯನ 15ರಿಂದ 20 ಪಟ್ಟು ಮಾತ್ರ. ನೋಟ್ ಪುಸ್ತಕದಲ್ಲಿ ಇದನ್ನು ಬರೆದುಕೊಳ್ಳಿ. ಕೇಂದ್ರದ ಹೈಡ್ರೋಜನ್ ಮುಗಿದ ಮೇಲೆ ಇಂಥ ನಕ್ಷತ್ರದ ಒಡಲು ಕುಗ್ಗುತ್ತದೆ, ಹೊರಪದರ ಉಬ್ಬುತ್ತದೆ. ಹೊಸದಾಗಿ ಏನೂ ಸೇರುವುದಿಲ್ಲ, ಇದ್ದದ್ದೇ ಹರಡಿಕೊಳ್ಳುತ್ತದೆ. ಅದರ ಸರಾಸರಿ ಸಾಂದ್ರತೆ ನಮ್ಮ ಗಾಳಿಗಿಂತ ಸಾವಿರಾರು ಪಟ್ಟು ಕಡಿಮೆ.

ಇದಕ್ಕೆ ಪೂರ್ತಿ ವಿರುದ್ಧವಾದದ್ದು ಅಲ್ಲೇ ಪಕ್ಕದಲ್ಲಿದೆ. ಆಕಾಶದ ಅತ್ಯಂತ ಪ್ರಕಾಶಮಾನ ನಕ್ಷತ್ರ ಲುಬ್ಧಕ ತುಸು ಓಲಾಡುತ್ತಾ ಸಾಗುವುದನ್ನು ಗಮನಿಸಿ, ಕಾಣದ ಜೊತೆಗಾರ ಇರಬೇಕೆಂದು ಬೆಸೆಲ್ 1844ರಲ್ಲಿ ಹೇಳಿದರು. 1862ರಲ್ಲಿ ಆಲ್ವನ್ ಗ್ರಹಾಂ ಕ್ಲಾರ್ಕ್ ಅದನ್ನು ದೂರದರ್ಶಕದಲ್ಲಿ ಕಂಡರು. ಆ ಜೊತೆಗಾರನ ದ್ರವ್ಯರಾಶಿ ಸೂರ್ಯನಷ್ಟು, ಗಾತ್ರ ಭೂಮಿಗಿಂತ ತುಸು ಚಿಕ್ಕದು. ಇದು ಶ್ವೇತಕುಬ್ಜ. ಇಂಥವು ಸೂರ್ಯನ ಸುಮಾರು 1.4 ಪಟ್ಟಿಗಿಂತ ಭಾರವಾಗಿ ಉಳಿಯಲಾರವು ಎಂದು ಲೆಕ್ಕ ಹಾಕಿ ತೋರಿಸಿದವರು ನಮ್ಮ ಸುಬ್ರಹ್ಮಣ್ಯನ್ ಚಂದ್ರಶೇಖರ್. ಅದರ ಆರಂಭದ ಲೆಕ್ಕ ಮಾಡಿದ್ದು 1930ರಲ್ಲಿ, ಇಂಗ್ಲೆಂಡಿಗೆ ಹೋಗುವ ಹಡಗಿನಲ್ಲಿ. ಆಗ ಅವರಿಗೆ 19 ವರ್ಷ, ನಿಮಗಿಂತ ಎರಡು ಮೂರು ವರ್ಷ ದೊಡ್ಡವರು. ನಮ್ಮ ಆಕಾಶಗಂಗೆಯ ನಡುವಿನ ಕಪ್ಪುಕುಳಿಯಂತೂ 40 ಲಕ್ಷಕ್ಕೂ ಹೆಚ್ಚು ಸೂರ್ಯರಷ್ಟು ಭಾರ, ಅಡ್ಡಗಲ ಮಾತ್ರ ಸೂರ್ಯನ ಸುಮಾರು 18 ಪಟ್ಟು.

ನಮ್ಮ ಸೂರ್ಯನೂ ಇದೇ ದಾರಿಯಲ್ಲಿದ್ದಾನೆ. ಬೆಳಕಾಗಿ ಪ್ರತಿ ಸೆಕೆಂಡಿಗೆ 40 ಲಕ್ಷ ಟನ್ನಿಗೂ ಹೆಚ್ಚು ದ್ರವ್ಯರಾಶಿ ಕಳೆದುಕೊಳ್ಳುತ್ತಿದ್ದಾನೆ. ಅವನ ಸಂಪತ್ತಿಗೆ ಹೋಲಿಸಿದರೆ ಅದು ಲೆಕ್ಕಕ್ಕಿಲ್ಲ. ಸುಮಾರು 500 ಕೋಟಿ ವರ್ಷಗಳ ನಂತರ ಹಗುರವಾಗುತ್ತಲೇ ನೂರಾರು ಪಟ್ಟು ಉಬ್ಬುತ್ತಾನೆ. ಕೊನೆಗೆ ಉಳಿಯುವುದು ಭೂಮಿಯಷ್ಟು ಗಾತ್ರದ ಒಂದು ಶ್ವೇತಕುಬ್ಜ, ಈಗಿನ ದ್ರವ್ಯರಾಶಿಯ ಹೆಚ್ಚುಕಡಿಮೆ ಅರ್ಧದಷ್ಟು.

ಪ್ರಶ್ನೆ ಕೇಳಿದ ವಿದ್ಯಾರ್ಥಿನಿಗೂ ಉಳಿದವರಿಗೂ ಒಂದು ಲೆಕ್ಕ. ಗುರುವಿನ ಉಪಗ್ರಹ ಅಯೋ 4,21,700 ಕಿ.ಮೀ. ದೂರದಲ್ಲಿ 1.77 ದಿನಕ್ಕೊಮ್ಮೆ ಗುರುವನ್ನು ಸುತ್ತುತ್ತದೆ. ಮೇಲಿನ ಸೂತ್ರದಿಂದಲೇ ಗುರುವಿನ ದ್ರವ್ಯರಾಶಿ ಕಂಡುಹಿಡಿದು, ಅದರಿಂದ ಸೂರ್ಯನ ದ್ರವ್ಯರಾಶಿಯನ್ನು ಭಾಗಿಸಿ. 1,047ರ ಆಸುಪಾಸು ಬಂದರೆ ಸರಿ. ಬಾರದಿದ್ದರೆ ಹಾಳೆ ತೆಗೆದುಕೊಂಡು ಸ್ಟಾಫ್ ರೂಮಿಗೆ ಬನ್ನಿ. ಈ ಸಲ ಬೆಲ್ ಹೊಡೆದರೂ ನಾನು ಏಳುವುದಿಲ್ಲ.